‘ಮುರಿಯದ ಮನೆ’ಯ ಹಿಂದಿದ್ದ ಕತ್ತರಿ

ಮೊನ್ನೆ ಸಂಜೆ ಬಸ್ ಸ್ಟ್ಯಾಂಡ್ ಎದುರಿನ ಹೋಟೆಲಿನ ಟಿ.ವಿ.ಯಲ್ಲಿ ‘ಮುರಿಯದ ಮನೆ’ ಹಾಕಿದ್ದರು. 1964ರ ಚಿತ್ರ. ಅಂಗಸ್ವಾಧೀನ ಇಲ್ಲದ ರಾಜ್‌ಕುಮಾರ್, ಪಾಲಿಗೆ ಬಿದ್ದ ಕೂಡು ಕುಟುಂಬ, ಅಣ್ಣ ತಮ್ಮಂದಿರ ಜಗಳ. ಕಾಫಿಗೆ ಬಂದವರು ಲೋಟ ಕೈಯಲ್ಲೇ ಹಿಡಿದು ನಿಂತುಬಿಟ್ಟಿದ್ದರು. ಹೊರಗೆ ಕಂಡಕ್ಟರ್ ಸೀಟಿ ಊದಿದ, ಬಸ್ಸು ಹೊರಟೂ ಹೋಯಿತು, ಇಬ್ಬರು ಮೂವರು ಹತ್ತಲೇ ಇಲ್ಲ. ಅವರಲ್ಲೊಬ್ಬರು ಪೇಟೆ ಬೀದಿಯ ವ್ಯಾಪಾರಿ. ಅವರಜ್ಜ ಕಟ್ಟಿದ ಅಂಗಡಿಗೆ ನಡುವೆ ತಗಡು ಹೊಡೆದು ನಾಲ್ಕೈದು ವರ್ಷವಾಯಿತು. ಎರಡು ಬೋರ್ಡು, ಎರಡರಲ್ಲೂ ಒಂದೇ ಅಜ್ಜನ ಹೆಸರು. ಸಿನಿಮಾ ಮುಗಿದ ಮೇಲೆ ಆ ಮಹಾಶಯರು ಯಾರ ಮುಖವನ್ನೂ ನೋಡದೆ ಚಿಲ್ಲರೆ ಇಟ್ಟು ಎದ್ದು ಹೋದರು.

ಕತೆ ಯಾರದು ಅಂತ ಪಕ್ಕದವರನ್ನು ಕೇಳಿದೆ. ರಾಜ್‌ಕುಮಾರ್‌ದು ಅಂದರು! ನಿರ್ದೇಶಕರು ವೈ.ಆರ್. ಸ್ವಾಮಿ ಅನ್ನೋದು ಒಬ್ಬ ಹಿರಿಯರಿಗೆ ಗೊತ್ತಿತ್ತು. ಅದರ ಹಿಂದಿನ ಸಂಗತಿ ಯಾರಿಗೂ ನೆನಪಿರಲಿಲ್ಲ. ಆ ಮನೆಯನ್ನು ಮೊದಲು ಒಡೆದು ಮತ್ತೆ ಜೋಡಿಸಿದವರು ಮದರಾಸಿನ ಒಬ್ಬ ಎಡಿಟರು. ಹೆಸರು ಎ. ಭೀಮಸಿಂಗ್. 1959ರ ದೀಪಾವಳಿಗೆ ಅವರು ತಮಿಳಿನಲ್ಲಿ ‘ಭಾಗಪ್ಪಿರಿವಿನೈ’ ತೆಗೆದರು. ಆಸ್ತಿ ಪಾಲು ಅಂತ ಅರ್ಥ. ಅದೇ ಕತೆ 1961ರಲ್ಲಿ ಎನ್.ಟಿ. ರಾಮರಾವ್ ಅವರ ತೆಲುಗು ಚಿತ್ರವಾಯಿತು, 1964ರಲ್ಲಿ ನಮ್ಮ ‘ಮುರಿಯದ ಮನೆ’ಯಾಯಿತು, 1965ರಲ್ಲಿ ಹಿಂದಿಯ ‘ಖಾಂದಾನ್’ ಆಯಿತು. ನಾಲ್ಕು ಭಾಷೆಯ ಜನ ಒಂದೇ ಮನೆಗಾಗಿ ಅತ್ತರು.

ಈ ಮನುಷ್ಯ ನಿರ್ದೇಶಕ ಅಂತಲೇ ಎಲ್ಲರಿಗೂ ಗೊತ್ತು. ಶಿವಾಜಿ ಗಣೇಶನ್ ಅವರನ್ನು ಇಟ್ಟುಕೊಂಡು ಒಂದೂವರೆ ಡಜನ್‌ನಷ್ಟು ಚಿತ್ರ ಮಾಡಿದವರು, ‘ಪ’ ಅಕ್ಷರದ ಭೀಮಸಿಂಗ್ ಅಂತ. ಆದರೆ ಅವರು ಸಿನಿಮಾಕ್ಕೆ ಕಾಲಿಟ್ಟದ್ದು ಕತ್ತರಿ ಹಿಡಿದು. ದೊಡ್ಡ ನಿರ್ದೇಶಕರಾದ ಮೇಲೂ ತಮ್ಮ ಚಿತ್ರಗಳ ಸಂಕಲನದ ಪಟ್ಟಿಯಲ್ಲಿ ಸ್ವಂತ ಹೆಸರು ಉಳಿಸಿಕೊಂಡರು. ಅವರ ಕಣ್ಣೀರಿನ ಗುಟ್ಟು ಅಲ್ಲೇ ಇದೆ ಅಂತ ನನ್ನ ಲೆಕ್ಕ.

ಎಡಿಟಿಂಗ್ ಅಂದರೆ ನಮ್ಮಲ್ಲಿ ಒಂದು ತಪ್ಪು ತಿಳಿವಳಿಕೆ ಇದೆ. ಟೆಂಟು ಸಿನಿಮಾದ ಕಾಲ ನೆನೆಸಿಕೊಳ್ಳಿ. ರೀಲು ಕಟ್ಟಾದರೆ ಆಪರೇಟರು ಅಂಟು ಹಚ್ಚಿ ಕೂಡಿಸುತ್ತಿದ್ದ. ಹಳ್ಳಿಯವರಿಗೆ ಕಡೇ ಬಸ್ಸು ತಪ್ಪೀತು ಅಂತ ಒಂದು ಹಾಡನ್ನೇ ಹಾರಿಸಿಬಿಡುತ್ತಿದ್ದ. ಗಾಂಧಿ ಕ್ಲಾಸಿನವರು ಸೀಟಿ ಹೊಡೆದು ಅವನ ವಂಶವನ್ನೆಲ್ಲ ನೆನೆಯುತ್ತಿದ್ದರು. ಎಡಿಟರ್ ಅಂದರೆ ಬೇಡದ್ದನ್ನು ಕತ್ತರಿಸಿ ಎಸೆಯುವವನು, ಅಷ್ಟೇ ಅಂತ ಎಣಿಕೆ.

ಅಷ್ಟೇ ಅಲ್ಲ ಸ್ವಾಮಿ. ಲೆಕ್ಕ ಕೇಳಿ. 35 ಮಿಲಿಮೀಟರ್ ಫಿಲ್ಮಿನ ಒಂದು ಅಡಿಯಲ್ಲಿ 16 ಚೌಕ. ಒಂದು ಸೆಕೆಂಡಿಗೆ 24 ಚೌಕ ಓಡಬೇಕು. ಅಂದರೆ ಒಂದು ನಿಮಿಷಕ್ಕೆ 90 ಅಡಿ. ಮೂರು ಗಂಟೆಯ ಸಿನಿಮಾಕ್ಕೆ 16 ಸಾವಿರ ಅಡಿಯ ಮೇಲೆ. ಬಿಚ್ಚಿ ಹಾಸಿದರೆ ಹತ್ತಿರ ಹತ್ತಿರ ಐದು ಕಿಲೋಮೀಟರು. ನಮ್ಮ ಬಸ್ ಸ್ಟ್ಯಾಂಡಿನಿಂದ ಹಾಸುತ್ತಾ ಹೊರಟರೆ ಊರು ದಾಟಿ ಹೊಲಕ್ಕೆ ಬೀಳುತ್ತೀರಿ. ಇದು ಉಳಿದ ಫಿಲ್ಮು ಮಾತ್ರ. ತೆಗೆದದ್ದು ಇದರ ಹಲವು ಪಟ್ಟು ಇರುತ್ತೆ. ಅದೆಲ್ಲ ತುಂಡು ತುಂಡಾಗಿ, ಹಿಂದು ಮುಂದಾಗಿ, ಇವತ್ತು ಸಾವು ನಾಳೆ ಮದುವೆ ಅನ್ನೋ ಹಾಗೆ ಡಬ್ಬದಲ್ಲಿ ಬಂದು ಬೀಳುತ್ತೆ. ಎಡಿಟರು ಕತ್ತಲೆ ಕೋಣೆಯಲ್ಲಿ ಕೂತು, ಮೂವಿಯೋಲಾ ಅನ್ನೋ ಯಂತ್ರದ ಅಂಗೈಯಗಲದ ಗಾಜಿನಲ್ಲಿ ಕಣ್ಣಿಟ್ಟು, ಕಾಲಲ್ಲಿ ಪೆಡಲ್ ತುಳಿಯುತ್ತಾ, ಕೈಯಲ್ಲಿ ನಿಲ್ಲಿಸುತ್ತಾ, ಮೇಣದ ಪೆನ್ಸಿಲಿನಲ್ಲಿ ಗುರುತು ಹಾಕಿ ಕತ್ತರಿಸಬೇಕು. ಒಂದು ಪಟ್ಟಿ ಚಿತ್ರಕ್ಕೆ, ಇನ್ನೊಂದು ಪಟ್ಟಿ ಧ್ವನಿಗೆ. ಎರಡೂ ಒಂದು ಚೌಕ ಹೆಚ್ಚು ಕಡಿಮೆ ಆಗದ ಹಾಗೆ ಜೊತೆಗೆ ಓಡಬೇಕು. ಆ ಮೇಲೆ ನೆಗೆಟಿವ್ ಕತ್ತರಿಸುವವರು ಬಿಳಿ ಕೈಚೀಲ ತೊಟ್ಟು, ಫಿಲ್ಮಿನ ಅಂಚಿನ ನಂಬರು ನೋಡಿ ನೋಡಿ ಅದೇ ಜಾಗದಲ್ಲಿ ಕತ್ತರಿ ಆಡಿಸುತ್ತಾರೆ. ಅಲ್ಲಿ ತಪ್ಪಿದರೆ ಮುಗಿಯಿತು, ಮತ್ತೆ ಬೆಳೆಯೋದಕ್ಕೆ ಅದೇನು ತಲೆಗೂದಲಲ್ಲ. 1950ರ ಸುಮಾರಿನ ತನಕ ಇದ್ದ ಫಿಲ್ಮು ಬೇರೆ ಬೆಂಕಿ ಸೋಕಿದರೆ ಧಗ್ ಅಂತ ಹತ್ತಿಕೊಳ್ಳುವ ಜಾತಿಯದು. ಬೀಡಿ ಸೇದುವವರಿಗೆ ಆ ಕೋಣೆ ಜೈಲು.

ಇಂಥ ಕೋಣೆಗೆ ಭೀಮಸಿಂಗ್ ಬಂದು ಸೇರಿದ್ದು 1940ರ ದಶಕದ ಕೊನೆಗೆ. ಹುಟ್ಟಿದ್ದು 1924ರಲ್ಲಿ, ತಿರುಪತಿ ಸೀಮೆಯಲ್ಲಿ. ಸಿಂಗ್ ಅಂತ ಹೆಸರು ನೋಡಿ ಪಂಜಾಬಿನವರು ಅಂತ ತಿಳಿದವರೇ ಹೆಚ್ಚು. ತಂದೆ ರಜಪೂತರು, ತಾಯಿ ತೆಲುಗಿನವರು, ಅನ್ನ ಕೊಟ್ಟದ್ದು ತಮಿಳು. ಸಿನಿಮಾಕ್ಕೆ ಮೊದಲು ‘ಆಂಧ್ರಪ್ರಭ’ ಪತ್ರಿಕೆಯಲ್ಲಿ ಪ್ರೂಫ್ ರೀಡರ್ ಆಗಿದ್ದರು. ಇದು ನಮ್ಮ ಕಸುಬಿನವರಿಗೆ ಹೆಮ್ಮೆಯ ವಿಷಯ. ಬೇರೆಯವರು ಬರೆದದ್ದರಲ್ಲಿ ತಪ್ಪು ಹುಡುಕಿ, ಹೆಚ್ಚಿನ ಸಾಲು ಹೊಡೆದು, ಕಾಲಮ್ಮಿಗೆ ಕೂರಿಸೋ ಕೆಲಸ. ಹೆಸರು ಮಾತ್ರ ಎಲ್ಲೂ ಬರೋದಿಲ್ಲ. ಎಡಿಟರ್ ಆಗಲು ಇದಕ್ಕಿಂತ ಒಳ್ಳೇ ತಾಲೀಮು ಬೇಕೆ?

ಅವರಿಗೆ ಸಿಕ್ಕಿದ ಗುರುಗಳು ಜೋಡಿ ಗುರುಗಳು, ಕೃಷ್ಣನ್–ಪಂಜು. ತಮಿಳಿನಲ್ಲಿ ಬಹಳ ಕಾಲ ಹೆಸರು ಮಾಡಿದ ಇಬ್ಬರು ನಿರ್ದೇಶಕರು. ಇವರಲ್ಲಿ ಪಂಜು ಸ್ವತಃ ಎಡಿಟರು. ತಮಾಷೆ ಅಂದರೆ ನಿರ್ದೇಶನಕ್ಕೆ ಪಂಜು ಅಂತ ಹಾಕಿಕೊಂಡವರು ಸಂಕಲನಕ್ಕೆ ‘ಪಂಜಾಬಿ’ ಅಂತ ಬೇರೆ ಹೆಸರು ಹಾಕಿಕೊಳ್ಳುತ್ತಿದ್ದರು. ಟೈಟಲ್ ನೋಡಿದವರಿಗೆ ಇಬ್ಬರು ಬೇರೆ ಬೇರೆ ಅಂತಲೇ ಭಾವನೆ. ಈ ಜೋಡಿಯ ಕೈಕೆಳಗೆ ಭೀಮಸಿಂಗ್ ಸಹಾಯಕ ಸಂಕಲನಕಾರರಾಗಿ ಸೇರಿ, ರೀಲು ಸುತ್ತಿ, ಅಂಟು ಹಚ್ಚಿ, ತುಂಡುಗಳಿಗೆ ನಂಬರು ಬರೆದು ಕಲಿತರು. ಕೃಷ್ಣನ್ ಅವರಿಗೆ ಶಿಷ್ಯ ಎಷ್ಟು ಹಿಡಿಸಿದರೆಂದರೆ ತಂಗಿ ಸೋನಾ ಅವರನ್ನೇ ಕೊಟ್ಟು ಮದುವೆ ಮಾಡಿದರು. ಶಿವಾಜಿ ಗಣೇಶನ್ ಅವರನ್ನು ತೆರೆಗೆ ತಂದ 1952ರ ‘ಪರಾಶಕ್ತಿ’ ಈ ಜೋಡಿಯ ಚಿತ್ರವೇ. ಆಗ ಬಡಕಲಾಗಿದ್ದ ಆ ಹುಡುಗನ ಮುಖದ ಮೇಲೆ ಮುಂದೆ ಭೀಮಸಿಂಗ್ ಊರಿಗೆ ಊರನ್ನೇ ಅಳಿಸುವವರಿದ್ದರು.

ಆ ಕಾಲದ ಮದರಾಸಿನಲ್ಲಿ ಎಡಿಟಿಂಗ್ ಕೋಣೆಯೇ ಒಂದು ಕಾಲೇಜು. ಅಲ್ಲಿಂದ ಹೊರಬಂದು ನಿರ್ದೇಶಕರಾದವರು ಭೀಮಸಿಂಗ್ ಒಬ್ಬರೇ ಅಲ್ಲ. 1958ರ ಕನ್ನಡ ‘ಭೂಕೈಲಾಸ’ ನೋಡಿದ್ದೀರಲ್ಲ, ರಾಜ್‌ಕುಮಾರ್ ರಾವಣನಾಗಿ ಬಂದದ್ದು? ಅದರ ನಿರ್ದೇಶಕ ಕೆ. ಶಂಕರ್ ಕೂಡ ಎಡಿಟರ್ ಆಗಿ ಬಂದವರೇ. ಮುಂದೆ ರಜನೀಕಾಂತ್ ಚಿತ್ರಗಳ ಸಾಲು ತೆಗೆದ ಎಸ್.ಪಿ. ಮುತ್ತುರಾಮನ್ ಸಹ ಎ.ವಿ.ಎಂ. ಸ್ಟುಡಿಯೋದ ಸಂಕಲನ ವಿಭಾಗದಲ್ಲಿ ತಾಲೀಮು ಪಡೆದವರು.

ಭೀಮಸಿಂಗ್ ನಿರ್ದೇಶಕರಾಗಿ ಮೊದಲು ಮಾಡಿದ ‘ಅಮ್ಮೈಯಪ್ಪನ್’ 1954ರಲ್ಲಿ ಬಂತು. ಕರುಣಾನಿಧಿ ಬರೆದದ್ದು. ಓಡಲಿಲ್ಲ. 1956ರಲ್ಲಿ ‘ರಾಜಾ ರಾಣಿ’, ಅದಕ್ಕೂ ಕರುಣಾನಿಧಿಯವರದೇ ಬರವಣಿಗೆ, ಶಿವಾಜಿ ನಾಯಕ. ಚಿತ್ರದೊಳಗೇ ನಾಟಕಗಳು, ಸಾಕ್ರಟೀಸ್, ಚೇರ ರಾಜ ಸೆಂಗುಟ್ಟುವನ್, ಉಸಿರು ಬಿಡದ ಮಾತು. ಇಂಥ ಕಡೆ ಒಳ್ಳೇ ಎಡಿಟರಿಗೆ ಕೈ ಕಟ್ಟಿಕೊಂಡು ಕೂರೋದೇ ದೊಡ್ಡ ಕೆಲಸ. 1958ರ ‘ಪತಿಭಕ್ತಿ’ಯಿಂದ ಅದೃಷ್ಟ ತಿರುಗಿತು. ಅಲ್ಲಿಂದ ಹಿಡಿದದ್ದು ‘ಪ’ ಅಕ್ಷರ. ಪತಿಭಕ್ತಿ, ಭಾಗಪ್ಪಿರಿವಿನೈ, ಪಡಿಕ್ಕಾದ ಮೇದೈ, ಪಾವಮನ್ನಿಪ್ಪು, ಪಾಶಮಲರ್, ಪಾಲುಂ ಪಳಮುಂ, ಪಾರ್ತಾಲ್ ಪಸಿತೀರುಂ, ಬಂಧಪಾಶಂ, ಪಾರ್ ಮಗಳೇ ಪಾರ್, ಪಚ್ಚೈ ವಿಳಕ್ಕು, ಪಳನಿ. ಭಾಗ, ಬಂಧ ಅನ್ನೋದು ಎಲ್ಲಿ ‘ಪ’ ಆಯಿತು ಅಂತ ಕೇಳಬಹುದು. ತಮಿಳು ಲಿಪಿಯಲ್ಲಿ ಪ, ಬ, ಭ ಮೂರಕ್ಕೂ ಒಂದೇ ಅಕ್ಷರ. ಅಕ್ಷರ ಕಮ್ಮಿ ಇದ್ದರೂ ಇದೊಂದು ಅನುಕೂಲ.

‘ಪಡಿಕ್ಕಾದ ಮೇದೈ’ ಅಂದರೆ ಓದದ ಮೇಧಾವಿ. 1960ರದು. ಬಂಗಾಳಿ ಕತೆ, ಶ್ರೀಮಂತರ ಮನೆಯಲ್ಲಿ ಬೆಳೆದ ಅಕ್ಷರ ಬಾರದ ಮುಗ್ಧನೊಬ್ಬ, ಮನೆ ಮುಳುಗಿದಾಗ ಸ್ವಂತ ಮಕ್ಕಳಿಗಿಂತ ಹೆಚ್ಚಾಗಿ ಯಜಮಾನರಿಗೆ ಆಸರೆಯಾಗ್ತಾನೆ. 1962ರಲ್ಲಿ ಇನ್ನೊಂದು ಬಂತು, ‘ಪಡಿತ್ತಾಲ್ ಮಟ್ಟುಂ ಪೋದುಮಾ’. ಬರೀ ಓದಿದರೆ ಸಾಕೇ ಅಂತ ಪ್ರಶ್ನೆ. ಪಿ.ಯು.ಸಿ. ಅರ್ಧಕ್ಕೆ ಬಿಟ್ಟ ನನ್ನಂಥವನು ಈ ಎರಡು ಹೆಸರುಗಳನ್ನು ಫ್ರೇಮು ಹಾಕಿಸಿ ಮನೆಯಲ್ಲಿ ತೂಗುಹಾಕಬೇಕು.

ಎಡಿಟರ್‌ತನ ನೆರವಿಗೆ ಬಂದ ಒಂದು ಪ್ರಸಂಗ ಹೇಳಬೇಕು. ಎ.ವಿ.ಎಂ.ನ ‘ಕಳತ್ತೂರ್ ಕಣ್ಣಮ್ಮ’ ಶುರುಮಾಡಿದ್ದು ಟಿ. ಪ್ರಕಾಶರಾವ್ ಅನ್ನೋ ನಿರ್ದೇಶಕರು. ನಡುವೆ ಅವರು ಬಿಟ್ಟು ಹೋದರು. ಅರ್ಧ ಚಿತ್ರ ಡಬ್ಬದಲ್ಲಿ, ಅರ್ಧ ಕಾಗದದಲ್ಲಿ. ಎ.ವಿ. ಮೆಯ್ಯಪ್ಪನ್ ಕರೆಸಿದ್ದು ಭೀಮಸಿಂಗ್ ಅವರನ್ನು. ಇನ್ನೊಬ್ಬರು ತೆಗೆದ ಶಾಟುಗಳ ಗತಿ, ಬೆಳಕು, ನಟರ ನಡಿಗೆ ನೋಡಿ, ಅದಕ್ಕೆ ಹೊಲಿಗೆ ಕಾಣದ ಹಾಗೆ ಉಳಿದ ಅರ್ಧ ತೆಗೀಬೇಕು. ಹಳೇ ಗೋಡೆಗೆ ಹೊಸ ಗಾರೆ ಹಚ್ಚಿದ ಹಾಗೆ. 1960ರ ಆಗಸ್ಟಿನಲ್ಲಿ ಚಿತ್ರ ಬಂದಾಗ ಜನ ನೋಡಿದ್ದು ಹೊಲಿಗೆಯನ್ನಲ್ಲ, ಆ ಐದಾರು ವರ್ಷದ ಪುಟ್ಟ ಹುಡುಗನನ್ನು. ಅವನಿಗೆ ರಾಷ್ಟ್ರಪತಿಗಳ ಪದಕ ಬಂತು. ಹೆಸರು ಕಮಲಹಾಸನ್. ಹಿಂದಿಯಲ್ಲಿ ಇದೇ ಕತೆಯನ್ನು ಭೀಮಸಿಂಗ್ 1962ರಲ್ಲಿ ಮೀನಾ ಕುಮಾರಿಯನ್ನು ಹಾಕಿಕೊಂಡು ‘ಮೈ ಚುಪ್ ರಹೂಂಗಿ’ ಅಂತ ತೆಗೆದರು.

1961 ಅವರ ಪಾಲಿಗೆ ಸುಗ್ಗಿ. ಮಾರ್ಚಿನಲ್ಲಿ ‘ಪಾವಮನ್ನಿಪ್ಪು’, ಮೇ ತಿಂಗಳಲ್ಲಿ ‘ಪಾಶಮಲರ್’, ಸೆಪ್ಟೆಂಬರಿನಲ್ಲಿ ‘ಪಾಲುಂ ಪಳಮುಂ’. ಆರು ತಿಂಗಳಲ್ಲಿ ಮೂರು ಚಿತ್ರ, ಮೂರೂ ಗೆದ್ದವು.

‘ಪಾವಮನ್ನಿಪ್ಪು’ ಅವರ ಸ್ವಂತ ಬುದ್ಧ ಪಿಕ್ಚರ್ಸ್ ಮತ್ತು ಎ.ವಿ.ಎಂ. ಕೂಡಿ ಮಾಡಿದ್ದು. ಹಿಂದೂ ಮನೆಯಲ್ಲಿ ಹುಟ್ಟಿದ ಮಗು ಮುಸ್ಲಿಮರ ಮನೆಯಲ್ಲಿ ರಹೀಮ್ ಆಗಿ ಬೆಳೆಯುವ ಕತೆ. ಇದರ ಜಾಹೀರಾತಿಗೆ ಮದರಾಸಿನ ಶಾಂತಿ ಥಿಯೇಟರ್ ಮೇಲೆ ದೊಡ್ಡ ಬಲೂನ್ ಹಾರಿಸಿದರು. ಚಿತ್ರ ನೋಡೋದಕ್ಕೆ ಮುಂಚೆ ಬಲೂನ್ ನೋಡೋದಕ್ಕೆ ಜನ! ಆ ವರ್ಷದ ರಾಷ್ಟ್ರ ಪ್ರಶಸ್ತಿಗಳಲ್ಲಿ ಎರಡನೇ ಉತ್ತಮ ಚಿತ್ರವೆಂಬ ಪ್ರಮಾಣಪತ್ರ ಸಿಕ್ಕಿತು.

‘ಪಾಶಮಲರ್’ ವಿಷಯ ಸ್ವಲ್ಪ ನಿಧಾನವಾಗಿ ಹೇಳಬೇಕು. ಅಣ್ಣ ಶಿವಾಜಿ, ತಂಗಿ ಸಾವಿತ್ರಿ. ತಂದೆ ತಾಯಿ ಇಲ್ಲ. ಅಣ್ಣ ಕಷ್ಟಪಟ್ಟು ಕಾರ್ಖಾನೆ ಯಜಮಾನನಾಗ್ತಾನೆ. ತಂಗಿ ಒಲಿದದ್ದು ಕಾರ್ಮಿಕರ ಮುಖಂಡನಿಗೆ, ಆ ಪಾತ್ರ ಜೆಮಿನಿ ಗಣೇಶನ್‌ದು. ಮದುವೆಯಾಗುತ್ತೆ, ಗಂಡನ ಕಡೆಯ ಒಬ್ಬ ಹೆಂಗಸು ಹುಳಿ ಹಿಂಡ್ತಾಳೆ, ಅಣ್ಣ ತಂಗಿ ಬೇರೆಯಾಗ್ತಾರೆ. ಕೊನೆಗೆ ತಂಗಿಯ ಮಗುವನ್ನು ಪಟಾಕಿ ಬೆಂಕಿಯಿಂದ ಉಳಿಸಲು ಹೋಗಿ ಅಣ್ಣ ಕಣ್ಣು ಕಳೆದುಕೊಳ್ತಾನೆ. ಇಬ್ಬರೂ ಒಟ್ಟಿಗೇ ಸಾಯ್ತಾರೆ. ಕಾಗದದ ಮೇಲೆ ಹೀಗೆ ಬರೆದರೆ ಅಯ್ಯೋ ಇಷ್ಟೇನಾ ಅನಿಸುತ್ತೆ. ಆದರೆ ಬೆಂಗಳೂರು ದಂಡಿನ ಕಡೆ, ಕೋಲಾರ ಚಿನ್ನದ ಗಣಿ ಕಡೆ ಇದನ್ನು ನೋಡಿದ ಹಿರಿಯರನ್ನು ಇವತ್ತು ಕೇಳಿ ನೋಡಿ. ಮಾತು ನಿಲ್ಲಿಸಿ ಬೇರೆ ಕಡೆ ನೋಡ್ತಾರೆ.

ಯಾಕೆ ಹಾಗೆ? ನಾನು ಮತ್ತೆ ಮತ್ತೆ ಹಾಕಿ ನೋಡಿದೆ. ಇದರಲ್ಲೊಂದು ಜೋಗುಳ ಇದೆ. ಅಣ್ಣ ಒಂದು ಮನೆಯಲ್ಲಿ ತನ್ನ ಮಗುವಿಗೆ ಹಾಡ್ತಾನೆ, ತಂಗಿ ಇನ್ನೊಂದು ಮನೆಯಲ್ಲಿ ತನ್ನ ಮಗುವಿಗೆ ಹಾಡ್ತಾಳೆ. ಇಬ್ಬರೂ ನೆನೆಯೋದು ಒಬ್ಬರನ್ನೊಬ್ಬರು. ಅವನಿಗೆ ಅವಳ ಹಾಡು ಕೇಳಿಸೋದಿಲ್ಲ, ಅವಳಿಗೆ ಅವನದು ಕೇಳಿಸೋದಿಲ್ಲ. ಎರಡೂ ಕೇಳಿಸೋದು ಥಿಯೇಟರಿನಲ್ಲಿ ಕೂತ ನಮಗೆ ಮಾತ್ರ. ಆ ಎರಡು ಮನೆಗಳ ನಡುವೆ ಓಡಾಡೋದು ಕತ್ತರಿ. ಇಲ್ಲಿಂದ ಅಲ್ಲಿಗೆ, ಅಲ್ಲಿಂದ ಇಲ್ಲಿಗೆ. ರಾಜಿ ಮಾಡಿಸಲು ಹೋದ ಊರ ಹಿರಿಯನ ಹಾಗೆ ಅದು ಎರಡೂ ಬಾಗಿಲು ತಟ್ಟುತ್ತೆ. ಒಳಗಿನವರಿಗೆ ಗೊತ್ತಾಗೋದಿಲ್ಲ. ಹಾಡನ್ನು ಕಣ್ಣದಾಸನ್ ಬರೆದರು, ವಿಶ್ವನಾಥನ್–ರಾಮಮೂರ್ತಿ ರಾಗ ಹಾಕಿದರು, ಸರಿ. ಆದರೆ ಎದೆ ಹಿಂಡೋದು ಆ ಜೋಡಣೆ.

ಇನ್ನೊಂದು ಗಮನಿಸಿದೆ. ಮಾತಾಡುವವನ ಮುಖಕ್ಕಿಂತ ಕೇಳಿಸಿಕೊಳ್ಳುವವರ ಮುಖದ ಮೇಲೆ ಇವರ ಚಿತ್ರಗಳಲ್ಲಿ ಹೊತ್ತು ಜಾಸ್ತಿ. ಶಿವಾಜಿ ಗರ್ಜಿಸುತ್ತಿರುತ್ತಾರೆ, ನಮಗೆ ಕಾಣೋದು ಬಾಗಿಲ ಮರೆಯಲ್ಲಿ ನಿಂತ ಸಾವಿತ್ರಿ. ಮಾತು ಮುಗಿದ ಮೇಲೂ ಆ ಮುಖವನ್ನು ಒಂದೆರಡು ಸೆಕೆಂಡು ಹಿಡಿದಿಡ್ತಾರೆ. ಎರಡು ಸೆಕೆಂಡು ಅಂದರೆ ಮೂರೇ ಅಡಿ ಫಿಲ್ಮು. ಆ ಮೂರಡಿ ಕತ್ತರಿಸಿಬಿಟ್ಟರೆ ಚಿತ್ರ ಚುರುಕಾಗುತ್ತೆ, ಅಳು ಮಾತ್ರ ಬರೋದಿಲ್ಲ. ‘ಪಾಶಮಲರ್’ ಟೈಟಲ್ಲಿನಲ್ಲಿ ಸಂಕಲನಕ್ಕೆ ಮೂರು ಹೆಸರಿದೆ: ಭೀಮಸಿಂಗ್, ಪಾಲ್ ದುರೈಸಿಂಗಂ, ತಿರುಮಲೈ. ಜೊತೆಗಾರರ ಹೆಸರನ್ನು ನುಂಗಿ ಹಾಕಲಿಲ್ಲ ಅನ್ನೋದೂ ಬರೆಯಬೇಕಾದ ಮಾತು. ಸಿನಿಮಾ ಲೋಕದಲ್ಲಿ ಅದೇನು ಮಾಮೂಲಿ ಸಂಗತಿಯಲ್ಲ.

‘ಪಾಲುಂ ಪಳಮುಂ’ ನಮ್ಮಲ್ಲಿಗೆ ‘ಬೆರೆತ ಜೀವ’ ಆಗಿ 1965ರಲ್ಲಿ ಬಂತು. ಕು.ರಾ. ಸೀತಾರಾಮಶಾಸ್ತ್ರಿಗಳ ನಿರ್ದೇಶನ, ಕಲ್ಯಾಣ್‌ಕುಮಾರ್ ನಾಯಕ. ತಮಿಳಿನಲ್ಲೂ ಕನ್ನಡದಲ್ಲೂ ಆ ಹೆಂಡತಿ ಪಾತ್ರ 2025ರಲ್ಲಿ ತೀರಿಕೊಂಡ ನಮ್ಮ ಬಿ. ಸರೋಜಾದೇವಿಯವರದೇ. ಗಂಡ ಕ್ಯಾನ್ಸರ್ ಸಂಶೋಧನೆ ಮಾಡೋ ಡಾಕ್ಟರು. ತನಗೆ ಕ್ಷಯ ಬಂತು, ಗಂಡನ ಕೆಲಸಕ್ಕೆ ಅಡ್ಡಿಯಾಗ್ತೀನಿ ಅಂತ ಹೆಂಡತಿ ಮನೆ ಬಿಟ್ಟು ಹೋಗ್ತಾಳೆ. ಸತ್ತಳು ಅಂತ ತಿಳಿದು ಆತ ಇನ್ನೊಂದು ಮದುವೆ ಆಗ್ತಾನೆ, ಕಣ್ಣು ಕಳೆದುಕೊಳ್ತಾನೆ. ಅವಳು ನರ್ಸ್ ಆಗಿ ಅವನ ಸೇವೆಗೇ ಬರ್ತಾಳೆ.

ಇಲ್ಲಿ ನನ್ನದೊಂದು ತಕರಾರು ಇದೆ. ಭೀಮಸಿಂಗ್ ಚಿತ್ರಗಳಲ್ಲಿ ಹೆಂಗಸರು ಸಹಿಸಿ ಸಹಿಸಿ ಸಾಯ್ತಾರೆ. ಮನೆ ಒಡೆದರೆ ಅದಕ್ಕೆ ಕಾರಣ ಒಬ್ಬ ಕೆಟ್ಟ ಅತ್ತೆ ಅಥವಾ ಪಟ್ಟಣದಿಂದ ಬಂದ ಒಬ್ಬ ಧೂರ್ತ. ಆಸ್ತಿಯ ಲೆಕ್ಕ, ಸಾಲದ ಪತ್ರ, ದುಡಿದವನಿಗೂ ಕೂತು ತಿಂದವನಿಗೂ ಸಮಪಾಲು ಯಾಕೆ ಅನ್ನೋ ಪ್ರಶ್ನೆ, ಇವೆಲ್ಲ ಒಂದು ಹಾಡಿನಲ್ಲಿ ಕರಗಿ ಹೋಗುತ್ತೆ. ನಮ್ಮ ಪೇಟೆ ಬೀದಿಯ ತಗಡಿನ ಗೋಡೆಗಳು ಯಾವ ಧೂರ್ತನೂ ಬಾರದೇ ಎದ್ದಂಥವು. ಕಣ್ಣೀರಿಗೆ ಅವು ಬೀಳೋದಿಲ್ಲ. ಈ ಮಾತನ್ನು ಅವರ ಅಭಿಮಾನಿಗಳೂ ಒಪ್ಪಿಯಾರು.

ಹಿಂದಿಯವರು ಅವರನ್ನು ಬಹಳ ದುಡಿಸಿಕೊಂಡರು. ಮದರಾಸಿನ ಗೆದ್ದ ಕತೆಗಳನ್ನು ಬೊಂಬಾಯಿ ತಾರೆಯರನ್ನು ಹಾಕಿ ಮತ್ತೆ ತೆಗೆಯೋದು ಆ ಕಾಲದ ದೊಡ್ಡ ವ್ಯಾಪಾರ. ‘ಪಾಶಮಲರ್’ 1962ರಲ್ಲಿ ‘ರಾಖಿ’ಯಾಯಿತು, ಅಶೋಕ್‌ಕುಮಾರ್ ಅವರಿಗೆ ಫಿಲಂಫೇರ್ ಪ್ರಶಸ್ತಿ ತಂದಿತು. ‘ಖಾಂದಾನ್’ ಸುನಿಲ್ ದತ್ ಅವರಿಗೆ ಅದೇ ಪ್ರಶಸ್ತಿ ಕೊಡಿಸಿತು. ದಿಲೀಪ್‌ಕುಮಾರ್ ಅವರ ‘ಆದ್ಮಿ’ 1968, ‘ಗೋಪಿ’ 1970. ಧರ್ಮೇಂದ್ರರ ‘ಲೋಫರ್’ 1973. ಸಂಜೀವ್‌ಕುಮಾರ್ ಒಬ್ಬರೇ ಒಂಬತ್ತು ವೇಷ ಹಾಕಿದ ‘ನಯಾ ದಿನ್ ನಯೀ ರಾತ್’ 1974. ಪಟ್ಟಿ ಇನ್ನೂ ಇದೆ, ಆದರೆ ಒಂದೇ ಹಿಟ್ಟನ್ನು ಮತ್ತೆ ಮತ್ತೆ ರುಬ್ಬಿದ ಹಾಗೆ. ಇವುಗಳಲ್ಲಿ ಮೊದಲಿನ ಆ ಮೂರಡಿ ಫಿಲ್ಮಿನ ತಾಳ್ಮೆ ನನಗೇನೋ ಕಾಣಿಸಲಿಲ್ಲ. ಮಲಯಾಳದಲ್ಲೂ ಚಿತ್ರ ಮಾಡಿದರು, 1975ರ ‘ರಾಗಂ’ ಅವರದೇ. ಮಲಯಾಳದ ಹೆಸರಾಂತ ನಟಿ, 2013ರಲ್ಲಿ ತೀರಿಕೊಂಡ ಸುಕುಮಾರಿಯವರೂ ಅವರ ಪತ್ನಿ.

1970ರ ದಶಕದ ನಡುವಿಗೆ ಬರುವಾಗ ತಮಿಳಿನಲ್ಲಿ ಗಾಳಿ ಬದಲಾಗಿತ್ತು. ಕೂಡು ಕುಟುಂಬದ ಕತೆ ಹಳೆಯದಾಗಿತ್ತು. ಐವತ್ತು ದಾಟಿದ, ಹೆಸರು ಹಣ ಎಲ್ಲ ಕಂಡ ಮನುಷ್ಯ. ಹಳೇ ಹಿಟ್ಟನ್ನೇ ಇನ್ನೊಂದು ಸಾರಿ ರುಬ್ಬಿ ಆರಾಮಾಗಿ ಇರಬಹುದಿತ್ತು. ಅವರು ಕೈಹಾಕಿದ್ದು ಜಯಕಾಂತನ್ ಅವರ ‘ಸಿಲ ನೇರಂಗಳಿಲ್ ಸಿಲ ಮನಿದರ್ಗಳ್’ ಕಾದಂಬರಿಗೆ. ಕೆಲವು ಸಲ ಕೆಲವು ಮನುಷ್ಯರು ಅಂತ ಅರ್ಥ. 1972ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದ ಕಾದಂಬರಿ, ಜೊತೆಗೆ ದೊಡ್ಡ ಜಗಳ ಎಬ್ಬಿಸಿದ್ದು. ಗಂಗಾ ಅನ್ನೋ ಕಾಲೇಜು ಹುಡುಗಿ. ಮಳೆ. ಬಸ್ಸಿಗೆ ಕಾಯುತ್ತಾ ನಿಂತವಳಿಗೆ ಅಪರಿಚಿತನೊಬ್ಬ ಕಾರಿನಲ್ಲಿ ಬಿಡ್ತೀನಿ ಅಂತಾನೆ. ದಾರಿಯಲ್ಲಿ ಅವಳ ಮೇಲೆ ಅತ್ಯಾಚಾರ ನಡೆಯುತ್ತೆ. ಮನೆಗೆ ಬಂದು ಹೇಳಿದರೆ ಅಣ್ಣ ಹೊರಗೆ ಹಾಕ್ತಾನೆ.

ಗಮನಿಸಿದಿರಾ? ಅದೇ ಅಣ್ಣ ತಂಗಿ. ‘ಪಾಶಮಲರ್’ನಲ್ಲಿ ತಂಗಿಗಾಗಿ ಪ್ರಾಣ ಬಿಟ್ಟ ಅಣ್ಣನನ್ನು ತೋರಿಸಿ ದಕ್ಷಿಣ ದೇಶವನ್ನೆಲ್ಲ ಅಳಿಸಿದ ಮನುಷ್ಯ, ಹದಿನಾರು ವರ್ಷ ಕಳೆದ ಮೇಲೆ ತಂಗಿಯನ್ನು ಬೀದಿಗೆ ತಳ್ಳುವ ಅಣ್ಣನನ್ನು ತೋರಿಸಿದರು. ಗಂಗಾ ಸಾಯೋದಿಲ್ಲ. ಓದ್ತಾಳೆ, ಕೆಲಸಕ್ಕೆ ಸೇರ್ತಾಳೆ, ವರ್ಷಗಳಾದ ಮೇಲೆ ಆ ಕಾರಿನ ಮನುಷ್ಯನನ್ನು ತಾನೇ ಹುಡುಕಿಕೊಂಡು ಹೋಗ್ತಾಳೆ. ನಾಯಕ ನಾಯಕಿ ಅಂತ ಯಾರೂ ಇಲ್ಲ. ನಗಿಸುವ ನಾಗೇಶ್ ಕೂಡ ಇಲ್ಲಿ ಒಬ್ಬ ಗಂಭೀರ ಲೇಖಕ. ಗಂಗಾ ಪಾತ್ರ ಮಾಡಿದ ಲಕ್ಷ್ಮಿ ಅವರಿಗೆ ರಾಷ್ಟ್ರ ಪ್ರಶಸ್ತಿ ಬಂತು. ನಮ್ಮವರಿಗೆ ಲಕ್ಷ್ಮಿ ಯಾರು ಅಂತ ಬಿಡಿಸಿ ಹೇಳಬೇಕಿಲ್ಲ.

ಸಹಿಸುವ ಹೆಂಗಸರ ಬಗ್ಗೆ ಮೇಲೆ ತಕರಾರು ತೆಗೆದೆನಲ್ಲ, ಅದಕ್ಕೆ ಅವರೇ ಕೊಟ್ಟ ಉತ್ತರ ಈ ಚಿತ್ರ ಅಂತ ನನಗೆ ಅನಿಸುತ್ತೆ. ತನ್ನ ಪ್ರೂಫನ್ನು ತಾನೇ ತಿದ್ದಿದ ಹಾಗೆ. ಜಯಕಾಂತನ್ ಅವರದೇ ‘ಒರು ನಡಿಗೈ ನಾಟಕಂ ಪಾರ್ಕ್ಕಿರಾಳ್’ ಕೂಡ ತೆಗೆದರು. ಅದು 1978ರಲ್ಲಿ ಬಂತು.

ಅದೇ ವರ್ಷ, ಜನವರಿ 16ರಂದು, ಪೊಂಗಲ್ ಕಳೆದು ಎರಡು ದಿನಕ್ಕೆ ಭೀಮಸಿಂಗ್ ತೀರಿಕೊಂಡರು. 53 ವರ್ಷ ಒಂದು ವಯಸ್ಸೇ? ಕೆಲಸ ಇನ್ನೂ ಮೇಜಿನ ಮೇಲಿತ್ತು. ‘ಕರುಣೈ ಉಳ್ಳಂ’ ತೆರೆಗೆ ಬಂದದ್ದು ಅವರು ಹೋದ ಮೇಲೆ.

ಕತ್ತರಿ ಮಾತ್ರ ಮನೆ ಬಿಟ್ಟು ಹೋಗಲಿಲ್ಲ. ಮಕ್ಕಳಲ್ಲಿ ಬಿ. ಕಣ್ಣನ್ ಕ್ಯಾಮೆರಾ ಹಿಡಿದರು. ಭಾರತಿರಾಜ ಅವರ ಸಮುದ್ರ ತೀರದ ಚಿತ್ರಗಳ ಅಂದ ಅವರ ಕಣ್ಣಿನದು. 2020ರಲ್ಲಿ ಹೋದರು. ಇನ್ನೊಬ್ಬ ಮಗ ಬಿ. ಲೆನಿನ್ ಅಪ್ಪನ ಕೋಣೆಗೇ ಬಂದು ಎಡಿಟರಾದರು. ಮಹೇಂದ್ರನ್ ಅವರ ‘ಉದಿರಿಪ್ಪೂಕ್ಕಳ್’, ಮಣಿರತ್ನಂ ಅವರ ‘ನಾಯಗನ್’, ಇವೆಲ್ಲ ಅವರ ಕೈಯಲ್ಲಿ ಹಾದವು. 1994ರ ‘ಕಾದಲನ್’ ಚಿತ್ರದ ಸಂಕಲನಕ್ಕೆ ವಿ.ಟಿ. ವಿಜಯನ್ ಜೊತೆ ರಾಷ್ಟ್ರ ಪ್ರಶಸ್ತಿ ಪಡೆದರು. ಅಪ್ಪ ಅಳು ಬರೋ ತನಕ ಹಿಡಿದಿಡುತ್ತಿದ್ದರೆ, ಮಗ ಅಳು ಬರೋದಕ್ಕೆ ಒಂದು ಗಳಿಗೆ ಮುಂಚೆ ಕತ್ತರಿಸ್ತಾರೆ.

ಇನ್ನೊಂದು ವಿಷಯ. ಮಣಿರತ್ನಂ ಅವರ ಮೊಟ್ಟಮೊದಲ ಚಿತ್ರ ತಮಿಳಲ್ಲ, ಕನ್ನಡ. 1983ರ ‘ಪಲ್ಲವಿ ಅನುಪಲ್ಲವಿ’. ಇಳಯರಾಜ ಸಂಗೀತ, ಬಾಲು ಮಹೇಂದ್ರ ಕ್ಯಾಮೆರಾ, ಅನಿಲ್ ಕಪೂರ್ ನಾಯಕ, ಜೊತೆಗೆ ಅದೇ ಲಕ್ಷ್ಮಿ. ಹಾಡುಗಳು ಇವತ್ತಿಗೂ ನಮ್ಮ ಬಸ್ಸುಗಳಲ್ಲಿ, ಹೋಟೆಲುಗಳಲ್ಲಿ ಕೇಳಿಸುತ್ತವೆ. ಸಂಕಲನ ಬಿ. ಲೆನಿನ್. ಮುಂದಿನ ಸಾರಿ ಆ ಹೋಟೆಲಿನ ಟಿ.ವಿ.ಯಲ್ಲಿ ಅದನ್ನು ಹಾಕಿದಾಗ ಬಸ್ಸಿಗೆ ಇನ್ನೂ ಐದು ನಿಮಿಷ ಇದ್ದರೆ, ಟೈಟಲ್ ಮುಗಿಯೋವರೆಗೂ ನಿಂತು ನೋಡಿ.